ಸಾಕ್ಷಿಯೂ ಸಭೆಯೂ: ದೀಪಾ ಧನರಾಜ್ ಅವರ ಸಾಕ್ಷ್ಯಚಿತ್ರಗಳು

೧

ಒಂದೇ ವಸ್ತುವಿಗೆ ನೆರೆಹೊರೆಯ ಭಾಷೆಗಳು ಇಟ್ಟಿರುವ ಹೆಸರುಗಳನ್ನು ಒತ್ತಟ್ಟಿಗಿಟ್ಟು ನೋಡಿದರೆ, ಆ ವಸ್ತುವಿನಿಂದ ಆಯಾ ಭಾಷಿಕರು ಏನನ್ನು ನಿರೀಕ್ಷಿಸಿದ್ದರೆಂಬುದು ಕೆಲಮಟ್ಟಿಗೆ ತಿಳಿದುಬರುತ್ತದೆ. ಇಂಗ್ಲಿಷಿನಲ್ಲಿ ಡಾಕ್ಯುಮೆಂಟರಿ ಎನಿಸಿಕೊಳ್ಳುವ ಚಲಚ್ಚಿತ್ರ ಪ್ರಕಾರವು ಮರಾಠಿಯಲ್ಲಿ ‘ಮಾಹಿತಿಪಟ’ವಾಗಿದೆ; ಹಿಂದಿಯಲ್ಲಿ ‘ವೃತ್ತಚಿತ್ರ’ವಾಗಿದೆ. ಕನ್ನಡವು ಇದನ್ನು ‘ಸಾಕ್ಷ್ಯಚಿತ್ರ’ವೆಂದು ಕರೆದಿದೆ. ಮಾಹಿತಿಯನ್ನು ಕೊಡುವವನಿಗೆ ವಿಷಯ ತಿಳಿದಿದ್ದರೆ ಸಾಕು. ಸಾಕ್ಷ್ಯವನ್ನು ನುಡಿಯುವವನಾದರೋ ಅದನ್ನು ಕಣ್ಣಾರೆ ಕಂಡಿರಬೇಕು. ನುಡಿದ ಮಾತಿಗೆ ಹೊಣೆಯಾಗಬೇಕು. ಪಾಟೀಸವಾಲಿಗೆ ತಲೆಯೊಡ್ಡಿ ನಿಲ್ಲಬೇಕು. ಕನ್ನಡದ ಹೆಸರು ಈ ಪ್ರಕಾರದ ಮೇಲೆ ಹೆಚ್ಚಿನ ಭಾರವನ್ನೇ ಹೊರಿಸಿದೆಯೆಂದು ಹೇಳಬೇಕು.

ಆದರೆ ಇಲ್ಲಿ ಸಾಕ್ಷಿ ಯಾರು? ಚಿತ್ರವನ್ನು ತೆಗೆದವರೋ, ಚಿತ್ರದಲ್ಲಿ ಕಾಣಿಸಿಕೊಂಡವರೋ? ಈ ಪ್ರಶ್ನೆಯನ್ನು ಬರಿಯ ತರ್ಕಕ್ಕಾಗಿ ಎತ್ತದೆ, ನಾಲ್ಕು ದಶಕಗಳ ಕಾಲ ತಮ್ಮ ಕೆಲಸದಿಂದಲೇ ಅದಕ್ಕೆ ಉತ್ತರವನ್ನು ಕೊಡುತ್ತ ಬಂದವರು ಬೆಂಗಳೂರಿನ ದೀಪಾ ಧನರಾಜ್ ಅವರು. ಅವರ ಮೊದಲ ಹೆಸರಾಂತ ಚಿತ್ರವು ಪುಣೆಯ ಮನೆಗೆಲಸದ ಹೆಂಗಸರನ್ನು ಕುರಿತದ್ದು; ಅದರ ಮರುವರ್ಷದ ಚಿತ್ರವು ನಿಪ್ಪಾಣಿಯ ತಂಬಾಕು ಕೆಲಸಗಾರ್ತಿಯರದು. ಪುಣೆಯಲ್ಲಿ ನೆಲಸಿ, ಊರಿಗೆ ಹೋಗಿಬರುವಾಗ ನಿಪ್ಪಾಣಿಯನ್ನು ದಾಟಿ ಸಾಗುವ ಕನ್ನಡಿಗನಿಗೆ ಈ ಎರಡೂ ಊರುಗಳು ಅಪರಿಚಿತವಲ್ಲ. ಹೀಗಿದ್ದರೂ ಈ ಚಿತ್ರಗಳ ಪರಿಚಯ ನಮ್ಮಲ್ಲಿ ವಿರಳವಾಗಿಯೇ ಉಳಿದಿರುವುದರಿಂದ, ಅವರ ಕೃತಿಗಳ ಸ್ವರೂಪವನ್ನೂ ಅವುಗಳ ಹಿಂದಿನ ಕ್ರಮವನ್ನೂ ಇಲ್ಲಿ ಸಂಗ್ರಹವಾಗಿ ವಿವೇಚಿಸಲಾಗಿದೆ.

೨

ಹಿನ್ನೆಲೆಯನ್ನು ಮೊದಲು ನೋಡತಕ್ಕದ್ದು. ಸ್ವತಂತ್ರ ಭಾರತದಲ್ಲಿ ಸಾಕ್ಷ್ಯಚಿತ್ರವೆಂದರೆ ಬಹುಕಾಲ ಸರ್ಕಾರದ ಚಿತ್ರವೆಂದೇ ಅರ್ಥವಾಗಿದ್ದಿತು. ೧೯೪೮ರಲ್ಲಿ ಮುಂಬಯಿಯಲ್ಲಿ ಸ್ಥಾಪಿತವಾದ ಫಿಲ್ಮ್ಸ್ ಡಿವಿಜನ್ ಎಂಬ ಇಲಾಖೆಯು ತಯಾರಿಸಿದ ವಾರ್ತಾಚಿತ್ರಗಳನ್ನೂ ಕಿರುಚಿತ್ರಗಳನ್ನೂ ಪ್ರತಿಯೊಂದು ಚಿತ್ರಮಂದಿರವೂ ಮುಖ್ಯ ಚಿತ್ರಕ್ಕೆ ಮೊದಲು ತೋರಿಸಲೇಬೇಕೆಂಬುದು ಪರವಾನಗಿಯ ಷರತ್ತಾಗಿದ್ದಿತು. ಅಣೆಕಟ್ಟು, ಉಕ್ಕಿನ ಕಾರ್ಖಾನೆ, ಸುಧಾರಿಸಿದ ಬಿತ್ತನೆಬೀಜ, ಚಿಕ್ಕ ಸಂಸಾರ—ಇವುಗಳನ್ನು ಕುರಿತು ಪರದೆಯ ಹಿಂದಿನಿಂದ ಗಂಭೀರವಾದ ಗಂಡುದನಿಯೊಂದು ಪ್ರೇಕ್ಷಕರಿಗೆ ತಿಳಿವಳಿಕೆಯನ್ನು ಹೇಳುತ್ತಿದ್ದಿತು. ಕಾಣಿಸಿಕೊಂಡ ರೈತನಾಗಲಿ ಕೂಲಿಯವಳಾಗಲಿ ಬಾಯಿ ತೆರೆಯುತ್ತಿದ್ದುದು ಅಪರೂಪ. ಆ ಇಲಾಖೆಯ ಒಳಗೇ ಇದ್ದುಕೊಂಡು ಬೇರೆ ದಾರಿಯನ್ನು ಹಿಡಿದವರು ಇರಲಿಲ್ಲವೆಂದಲ್ಲ, ಎಸ್. ಎನ್. ಎಸ್. ಶಾಸ್ತ್ರಿಯವರು ೧೯೬೭ರಲ್ಲಿ ತೆಗೆದ ‘ಐ ಆಮ್ ಟ್ವೆಂಟಿ’ ಎಂಬ ಚಿತ್ರದಲ್ಲಿ ಸ್ವಾತಂತ್ರ್ಯದ ವರ್ಷವೇ ಹುಟ್ಟಿದ ತರುಣ ತರುಣಿಯರೇ ಮಾತಾಡುತ್ತಾರೆ. ಇಲಾಖೆಯ ಹೊರಗೆ ಆನಂದ ಪಟವರ್ಧನರು ತುರ್ತು ಪರಿಸ್ಥಿತಿಯ ಕಾಲದಲ್ಲಿಯೇ ರಾಜಕೀಯ ಚಿತ್ರಗಳನ್ನು ತೆಗೆಯತೊಡಗಿದ್ದರು. ಆದರೂ ಒಟ್ಟಿನ ರೀತಿ ಮಾಹಿತಿಯದೇ ಆಗಿದ್ದಿತು, ಸಾಕ್ಷ್ಯದ್ದಾಗಿರಲಿಲ್ಲ.

ಎಪ್ಪತ್ತರ ದಶಕದ ಕೊನೆಗೆ ಸ್ಥಿತಿ ಬದಲಾಯಿತು. ತುರ್ತು ಪರಿಸ್ಥಿತಿ ಕಳೆದ ಮೇಲೆ ದೇಶದ ಹಲವು ನಗರಗಳಲ್ಲಿ ಯಾವ ಪಕ್ಷಕ್ಕೂ ಅಧೀನವಲ್ಲದ ಸ್ತ್ರೀಸಂಘಟನೆಗಳು ಹುಟ್ಟಿಕೊಂಡವು. ಮಹಾರಾಷ್ಟ್ರದ ಮಥುರಾ ಎಂಬ ಆದಿವಾಸಿ ಹುಡುಗಿಯ ಮೇಲೆ ಪೊಲೀಸ್ ಠಾಣೆಯಲ್ಲಿ ನಡೆದ ಅತ್ಯಾಚಾರದ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ೧೯೭೮ರಲ್ಲಿ ಆರೋಪಿಗಳನ್ನು ಖುಲಾಸೆ ಮಾಡಿತು. ಅದನ್ನು ಪ್ರಶ್ನಿಸಿ ನಾಲ್ವರು ಕಾನೂನು ಅಧ್ಯಾಪಕರು ೧೯೭೯ರಲ್ಲಿ ಬಹಿರಂಗ ಪತ್ರವನ್ನು ಬರೆದರು. ೧೯೮೦ರಲ್ಲಿ ಆ ತೀರ್ಪಿನ ವಿರುದ್ಧ ಹೆಂಗಸರು ಬೀದಿಗಿಳಿದರು. ಹೆಂಗಸಿನ ಮಾತು ಸಾಕ್ಷ್ಯವಾಗಿ ನಿಲ್ಲಬಲ್ಲುದೋ ಇಲ್ಲವೋ ಎಂಬುದೇ ಆ ಮೊಕದ್ದಮೆಯ ತಿರುಳಾಗಿದ್ದಿತೆಂಬುದನ್ನು ಇಲ್ಲಿ ನೆನೆಯಬೇಕು.

ಅದೇ ೧೯೮೦ರಲ್ಲಿ ಬೆಂಗಳೂರಿನಲ್ಲಿ ‘ಯುಗಾಂತರ್’ ಎಂಬ ಚಿತ್ರತಂಡವು ರೂಪುಗೊಂಡಿತು. ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್ ಮತ್ತು ಛಾಯಾಗ್ರಾಹಕ ನವರೋಜ್ ಕಂಟ್ರಾಕ್ಟರ್ ಇದರ ಸ್ಥಾಪಕರು. ಮಣಿ ಕೌಲರ ‘ದುವಿಧಾ’ ಚಿತ್ರಕ್ಕೆ ಛಾಯಾಗ್ರಹಣ ಮಾಡಿ ಆಗಲೇ ಹೆಸರಾಗಿದ್ದ ನವರೋಜರು ದೀಪಾ ಅವರ ಬಾಳಸಂಗಾತಿಯೂ ಆಗಿ, ೨೦೨೩ರಲ್ಲಿ ರಸ್ತೆ ಅಪಘಾತದಲ್ಲಿ ತೀರಿಕೊಳ್ಳುವವರೆಗೆ, ಅವರ ಹೆಚ್ಚಿನ ಚಿತ್ರಗಳ ಕಣ್ಣಾಗಿದ್ದರು. ಸ್ತ್ರೀಪರ ಚಿತ್ರತಂಡಗಳಲ್ಲಿ ಯುಗಾಂತರ್ ಭಾರತದ ಮೊದಲನೆಯದೆಂದು ಚಲಚ್ಚಿತ್ರ ಇತಿಹಾಸಕಾರರು ಗಣಿಸುತ್ತಾರೆ.

೩

ಯುಗಾಂತರದ ಮೊದಲ ಚಿತ್ರವೇ ‘ಮೋಲಕರೀಣ’. ೧೯೮೧ರಲ್ಲಿ ತಯಾರಾದ, ಸುಮಾರು ೨೫ ನಿಮಿಷಗಳ ಮರಾಠಿ ಚಿತ್ರವಿದು. ಮರಾಠಿಯ ‘ಮೋಲ್’ ಎಂದರೆ ಬೆಲೆ, ಕೂಲಿ. ಕೂಲಿಗಾಗಿ ಮನೆಗೆಲಸ ಮಾಡುವವಳು ಮೋಲಕರೀಣ. ಹೆಸರಿನಲ್ಲಿಯೇ ಬೆಲೆಯ ಮಾತಿದ್ದರೂ ಅವಳ ಕೆಲಸಕ್ಕೆ ಇಷ್ಟೆಂಬ ಬೆಲೆ ಎಲ್ಲಿಯೂ ಗೊತ್ತಾಗಿರಲಿಲ್ಲವೆಂಬುದೇ ಚಿತ್ರದ ವಸ್ತು.

೧೯೮೦ರಲ್ಲಿ ಪುಣೆಯ ಮನೆಗೆಲಸದ ಹೆಂಗಸರು ಮುಷ್ಕರವನ್ನು ಹೂಡಿದರು. ಸಂಘವೊಂದಿದ್ದು ಅದರ ಕರೆಯಂತೆ ನಡೆದ ಮುಷ್ಕರ ಇದಲ್ಲ. ಮುಷ್ಕರವೇ ಮೊದಲು ತಲೆದೋರಿ, ಅದರಿಂದ ಸಂಘ ಹುಟ್ಟಿತು. ಲಾಲ್ ನಿಶಾನ್ ಪಕ್ಷದ ಕಾರ್ಯಕರ್ತರ ನೆರವಿನಿಂದ ‘ಪುಣೆ ಶಹರ ಮೋಲಕರೀಣ ಸಂಘಟನಾ’ ಸ್ಥಾಪಿತವಾಯಿತು. ಕೂಲಿಯನ್ನು ಹೆಚ್ಚಿಸಬೇಕು, ಸಂಬಳ ಕಡಿಯದೆ ರಜೆ ಕೊಡಬೇಕು, ದೀಪಾವಳಿಗೆ ಬೋನಸ್ಸು ಬೇಕು—ಕೇಳಿದ್ದು ಇಷ್ಟೇ. ಗಿರಣಿಯ ಅಥವಾ ಬ್ಯಾಂಕಿನ ನೌಕರರು ಇವನ್ನು ಕೇಳಿದರೆ ಯಾರೂ ಹುಬ್ಬೇರಿಸುತ್ತಿರಲಿಲ್ಲ. ಮನೆಗೆಲಸದವಳು ಕೇಳಿದಾಗ ಮಾತ್ರ ಅದು ಹೊಸದಾಗಿ ಕಂಡಿತು.

ಹೀಗೆ ಹೊಸದಾಗಿ ಕಂಡುದಕ್ಕೆ ಕಾರಣವಿಲ್ಲದಿಲ್ಲ. ಕಾರ್ಖಾನೆಯ ಕೆಲಸಗಾರರು ಒಂದೇ ಸೂರಿನಡಿಯಲ್ಲಿ ಒಬ್ಬನೇ ಯಜಮಾನನಿಗೆ ದುಡಿಯುತ್ತಾರೆ. ಮನೆಗೆಲಸದವಳು ದಿನವೊಂದಕ್ಕೆ ನಾಲ್ಕೈದು ಮನೆಗಳಲ್ಲಿ, ನಾಲ್ಕೈದು ಒಡತಿಯರ ಕೈಕೆಳಗೆ, ಒಬ್ಬಂಟಿಯಾಗಿ ದುಡಿಯುತ್ತಾಳೆ. ಅವಳಿಗೆ ನೇಮಕದ ಪತ್ರವಿಲ್ಲ, ಹಾಜರಿ ಪುಸ್ತಕವಿಲ್ಲ, ಸಂಬಳದ ಚೀಟಿಯಿಲ್ಲ, ಭವಿಷ್ಯನಿಧಿಯಿಲ್ಲ. ಲೆಕ್ಕಪತ್ರದ ಲೋಕದಲ್ಲಿ ಆಧಾರಚೀಟಿಯಿಲ್ಲದ ಬಾಬು ಇಲ್ಲದ ಬಾಬಿಗೆ ಸಮಾನ. ಇಪ್ಪತ್ತು ವರ್ಷ ಒಂದೇ ಮನೆಯ ಪಾತ್ರೆ ತೊಳೆದವಳು ತಾನು ಅಲ್ಲಿ ದುಡಿದದ್ದುಂಟೆಂದು ತೋರಿಸಲು ತನ್ನ ಮಾತಲ್ಲದೆ ಬೇರೆ ಪುರಾವೆಯನ್ನು ಹೊಂದಿಲ್ಲ. ಆ ಮಾತನ್ನು ಬೇರೊಬ್ಬಳ ಮಾತಿನೊಡನೆ ಕೂಡಿಸಿದಾಗಲೇ ಅದಕ್ಕೆ ತೂಕ ಬರುತ್ತದೆ. ‘ಮೋಲಕರೀಣ’ ಚಿತ್ರದಲ್ಲಿ ಹೆಂಗಸರು ಕೂಡಿ ಕುಳಿತು ತಮ್ಮ ತಮ್ಮ ಮನೆಗಳ ಕೂಲಿ, ಕೆಲಸ, ಕಿರುಕುಳಗಳನ್ನು ಒಬ್ಬರಿಗೊಬ್ಬರು ಹೇಳಿಕೊಳ್ಳುತ್ತಾರೆ. ಒಬ್ಬೊಬ್ಬಳ ಹಣೆಬರಹವೆಂದು ತೋರುತ್ತಿದ್ದುದು ಎಲ್ಲರ ಸ್ಥಿತಿಯೆಂದು ಆಗ ಅವರಿಗೇ ಗೊತ್ತಾಗುತ್ತದೆ. ಇದೇ ಚಿತ್ರದ ಜೀವಾಳ.

ತಾಂತ್ರಿಕವಾದ ಒಂದು ಸಂಗತಿಯನ್ನೂ ಇಲ್ಲಿ ಹೇಳುವುದು ಉಚಿತ. ಆ ಕಾಲದ ೧೬ ಮಿಲಿಮೀಟರ್ ಫಿಲ್ಮಿನ ೪೦೦ ಅಡಿಯ ಒಂದು ಸುರುಳಿಯು ಸುಮಾರು ಹನ್ನೊಂದು ನಿಮಿಷ ಓಡಿ ಮುಗಿದುಹೋಗುತ್ತಿದ್ದಿತು. ಫಿಲ್ಮು, ಸಂಸ್ಕರಣ, ಪ್ರತಿ ಎಲ್ಲಕ್ಕೂ ದುಡ್ಡು ಬೇಕು. ಇಂದಿನಂತೆ ಕ್ಯಾಮೆರವನ್ನು ತೆರೆದಿಟ್ಟು ಏನು ಸಿಕ್ಕೀತೆಂದು ಕಾಯುವ ಅನುಕೂಲ ಆಗ ಇರಲಿಲ್ಲ. ಆದಕಾರಣ ಚಿತ್ರ ತೆಗೆಯುವವರು ಮುಂಚಿತವಾಗಿ ಬಹಳ ಹೊತ್ತು ಕುಳಿತು ಕೇಳಬೇಕಾಗಿದ್ದಿತು. ಯಾವುದು ಮುಖ್ಯ, ಯಾವುದನ್ನು ತೋರಿಸಬೇಕೆಂಬುದನ್ನು ಚಿತ್ರದಲ್ಲಿ ಬರುವವರೊಡನೆಯೇ ಸಮಾಲೋಚಿಸಿ ನಿರ್ಣಯಿಸಬೇಕಾಗಿದ್ದಿತು. ಯುಗಾಂತರದವರು ಈ ಬಡತನವನ್ನೇ ಒಂದು ಪದ್ಧತಿಯನ್ನಾಗಿ ಮಾಡಿಕೊಂಡರು. ಚಿತ್ರ ಸಿದ್ಧವಾದ ಮೇಲೆ ಅದು ಥಿಯೇಟರಿಗೆ ಹೋಗಲಿಲ್ಲ. ಕಾರ್ಮಿಕ ಸಂಘಗಳಿಗೂ ಸ್ತ್ರೀಸಂಘಟನೆಗಳಿಗೂ ಹೋಯಿತು. ಒಂದು ಊರಿನ ಹೆಂಗಸರ ಸಭೆಯನ್ನು ಇನ್ನೊಂದು ಊರಿನ ಹೆಂಗಸರ ಸಭೆಯ ಮುಂದಿಡುವುದು, ನೋಡಿದವರು ತಮ್ಮ ಸಂಗತಿಯನ್ನು ಮಾತಾಡತೊಡಗುವುದು—ಇದೇ ಉದ್ದೇಶವಾಗಿದ್ದಿತು.

೪

ಎರಡನೆಯ ಚಿತ್ರ ‘ತಂಬಾಕೂ ಚಾಕಿಲಾ ಊಬ್ ಆಲೀ’ (೧೯೮೨). ‘ಊಬ್’ ಎಂದರೆ ಮರಾಠಿಯಲ್ಲಿ ಕಾವು, ಬಿಸುಪು. ತಂಬಾಕಿಗೆ ಕಾವೇರಿತೆಂಬುದು ಹೆಸರಿನ ಭಾವ. ಬೆಳಗಾವಿ ಜಿಲ್ಲೆಯ ನಿಪ್ಪಾಣಿಯು ಬೀಡಿ ತಂಬಾಕಿನ ದೊಡ್ಡ ಪೇಟೆ. ಅಲ್ಲಿಯ ವಖಾರಿಗಳಲ್ಲಿ ತಂಬಾಕನ್ನು ಕುಟ್ಟಿ, ಸಾಣಿಸಿ, ಹಸನು ಮಾಡುವ ಕೆಲಸ ಬಹುಮಟ್ಟಿಗೆ ಹೆಂಗಸರದು. ಆ ಧೂಳು ಮೂಗು ಗಂಟಲುಗಳನ್ನು ಹಿಡಿಯುತ್ತದೆ. ಬಟ್ಟೆ ಕೂದಲುಗಳಿಗೆ ಅಂಟುತ್ತದೆ. ಕಡಮೆ ಕೂಲಿ, ಮಿತಿಯಿಲ್ಲದ ದುಡಿತ, ಮೇಲ್ವಿಚಾರಕರ ಕಿರುಕುಳಗಳ ವಿರುದ್ಧ ಸಾವಿರಾರು ಹೆಂಗಸರು ಸಂಘ ಕಟ್ಟಿದರು. ಯುಗಾಂತರದವರು ಅವರ ನಡುವೆ ತಿಂಗಳುಗಟ್ಟಲೆ ಇದ್ದು ಆ ಸಂಘಟನೆಯ ಕಥೆಯನ್ನು ಚಿತ್ರಿಸಿದರು.

ಕನ್ನಡಿಗರ ಮಟ್ಟಿಗೆ ನಿಪ್ಪಾಣಿಯ ಹೆಸರು ಬಹುಕಾಲ ಗಡಿವಿವಾದದ ಹೆಸರಾಗಿಯೇ ಕಿವಿಗೆ ಬೀಳುತ್ತಿದ್ದಿತು. ೧೯೮೧ರ ವಸಂತದಲ್ಲಿ ಶರದ್ ಜೋಶಿಯವರ ನೇತೃತ್ವದಲ್ಲಿ ತಂಬಾಕು ಬೆಳೆಗಾರರು ನ್ಯಾಯವಾದ ಬೆಲೆಗಾಗಿ ಹೆದ್ದಾರಿಯಲ್ಲಿ ಧರಣಿ ಕುಳಿತು, ಪೊಲೀಸರ ಗುಂಡಿಗೆ ಹಲವರು ಪ್ರಾಣ ತೆತ್ತಾಗ ಆ ಹೆಸರು ಬೇರೊಂದು ಕಾರಣದಿಂದ ದೇಶದ ಪತ್ರಿಕೆಗಳಲ್ಲಿ ಕಾಣಿಸಿಕೊಂಡಿತು. ಆದರೆ ಗಡಿಯ ವಾದದಲ್ಲಿಯೂ ಬೆಳೆಯ ಬೆಲೆಯ ವಾದದಲ್ಲಿಯೂ ವಖಾರಿಯ ಹೆಂಗಸು ಮರೆಯಲ್ಲಿಯೇ ಇದ್ದಳು. ಬೆಳೆ ರೈತನದಾಯಿತು, ಊರು ಯಾವ ರಾಜ್ಯಕ್ಕೆ ಸೇರಬೇಕೆಂಬುದು ಮುಖಂಡರ ಚರ್ಚೆಯಾಯಿತು. ಧೂಳು ಮಾತ್ರ ಅವಳದಾಗಿ ಉಳಿಯಿತು. ಕರ್ನಾಟಕದ ನೆಲದಲ್ಲಿ, ಕರ್ನಾಟಕದ ರಾಜಧಾನಿಯಿಂದ ಬಂದ ತಂಡ, ಮರಾಠಿಯಲ್ಲಿ ತೆಗೆದ ಚಿತ್ರವಿದು. ದುಡಿಯುವವಳು ಯಾವ ಭಾಷೆಯಲ್ಲಿ ಮಾತಾಡುತ್ತಾಳೋ ಆ ಭಾಷೆಯಲ್ಲಿಯೇ ಅವಳ ಸಾಕ್ಷ್ಯವನ್ನು ದಾಖಲಿಸತಕ್ಕದ್ದೆಂಬ ಸರಳ ನಿಯಮವನ್ನು ಇಲ್ಲಿ ಅನುಸರಿಸಲಾಗಿದೆ. ಭಾಷೆಯ ಅಭಿಮಾನಕ್ಕೂ ಭಾಷಿಕರ ಬದುಕಿಗೂ ಇರುವ ಅಂತರವನ್ನು ಚಿತ್ರವು ವಾದಿಸದೆಯೇ ತೋರಿಸುತ್ತದೆ.

ಯುಗಾಂತರದಿಂದ ೧೯೮೩ರಲ್ಲಿ ಇನ್ನೆರಡು ಚಿತ್ರಗಳು ಬಂದವು. ಹೈದರಾಬಾದಿನ ಸ್ತ್ರೀಶಕ್ತಿ ಸಂಘಟನೆಯೊಡನೆ ಕೂಡಿ ತೆಗೆದ ತೆಲುಗು ಚಿತ್ರ ‘ಇದಿ ಕಥಾ ಮಾತ್ರಮೇನಾ’, ಎಂದರೆ ‘ಇದು ಕಥೆ ಮಾತ್ರವೇ?’, ಮನೆಯೊಳಗೆ ಹೆಂಡತಿಗೆ ಬೀಳುವ ಹೊಡೆತವನ್ನು ಕುರಿತದ್ದು. ಈ ವಿಷಯದಲ್ಲಿ ನಿಜವಾದ ಸಂತ್ರಸ್ತೆಯನ್ನು ಕ್ಯಾಮೆರದ ಮುಂದೆ ನಿಲ್ಲಿಸುವುದು ಅವಳಿಗೆ ಇನ್ನೊಂದು ಹಿಂಸೆಯಾದೀತೆಂದು ತಿಳಿದು, ಹಲವರ ಅನುಭವಗಳನ್ನು ಒಂದು ಕಥೆಯಾಗಿ ಹೆಣೆದು, ಸಂಘಟನೆಯ ಸದಸ್ಯೆಯರೇ ಪಾತ್ರ ವಹಿಸಿದರು. ಕಲ್ಪಿತವಾದರೂ ಅದು ಸಾಕ್ಷ್ಯವೇ ಎಂಬುದನ್ನು ಚಿತ್ರದ ಹೆಸರಿನ ಪ್ರಶ್ನಾರ್ಥಕವು ಸೂಚಿಸುತ್ತದೆ. ‘ಸುದೇಶಾ’ ಎಂಬ ಹಿಂದಿ ಚಿತ್ರವು ಹಿಮಾಲಯದ ಚಿಪ್ಕೋ ಚಳವಳಿಯಲ್ಲಿ ಭಾಗವಹಿಸಿದ ಹಳ್ಳಿಯ ಹೆಣ್ಣುಮಗಳೊಬ್ಬಳನ್ನು ಕುರಿತದ್ದು. ಮರಗಳನ್ನು ಉಳಿಸಿದ ಕೀರ್ತಿ ಹೆಸರಾಂತ ಪುರುಷರಿಗೆ ಸಲ್ಲುತ್ತಿದ್ದಾಗ, ಸೌದೆ ನೀರುಗಳ ಭಾರವನ್ನು ದಿನವೂ ಹೊರುವವಳ ಕಡೆಗೆ ಇದು ದೃಷ್ಟಿಯನ್ನು ತಿರುಗಿಸಿತು. ಈ ನಾಲ್ಕು ಚಿತ್ರಗಳೊಂದಿಗೆ ಯುಗಾಂತರದ ಅಧ್ಯಾಯ ಮುಗಿಯಿತು.

೫

ಮುಂದಿನ ಚಿತ್ರಗಳಲ್ಲಿ ಎರಡನ್ನು ವಿಶೇಷವಾಗಿ ಹೆಸರಿಸಬೇಕು. ಮೊದಲನೆಯದು ‘ಕ್ಯಾ ಹುವಾ ಇಸ್ ಶಹರ್ ಕೋ?’ (೧೯೮೬). ೧೯೮೪ರಲ್ಲಿ ಆಂಧ್ರಪ್ರದೇಶದಲ್ಲಿ ಎನ್. ಟಿ. ರಾಮರಾಯರ ಸರ್ಕಾರವನ್ನು ವಜಾ ಮಾಡಿದ ಗೊಂದಲದ ದಿನಗಳಲ್ಲಿ ಹೈದರಾಬಾದಿನ ಹಳೆಯ ಪಟ್ಟಣದಲ್ಲಿ ಹಿಂದೂ ಮುಸಲ್ಮಾನರ ಗಲಭೆಗಳು ಭುಗಿಲೆದ್ದವು. ಗಣೇಶನ ಮೆರವಣಿಗೆಯನ್ನೂ, ಎರಡೂ ಕಡೆಯ ಮುಖಂಡರು ಜನರನ್ನು ಕೆರಳಿಸಿದ ಭಾಷಣಗಳನ್ನೂ, ಕರ್ಫ್ಯೂವಿನಲ್ಲಿ ಕೂಲಿ ಕಳೆದುಕೊಂಡವರ ಮನೆಗಳನ್ನೂ ಈ ಚಿತ್ರವು ದಾಖಲಿಸಿದೆ. ಧನರಾಜ್ ಅವರ ಬೇರೆ ಚಿತ್ರಗಳಲ್ಲಿ ಕಾಣುವುದು ಸಭೆ. ಇಲ್ಲಿ ಕಾಣುವುದು ಮೆರವಣಿಗೆ. ಸಭೆಯಲ್ಲಿ ಒಬ್ಬರು ಮಾತಾಡಿ ಇನ್ನೊಬ್ಬರು ಮರುಮಾತಾಡುತ್ತಾರೆ. ಮೆರವಣಿಗೆಯಲ್ಲಿ ಒಬ್ಬನು ಕೂಗಿದ್ದನ್ನೇ ಸಾವಿರ ಜನ ಕೂಗುತ್ತಾರೆ. ನಗರಕ್ಕೆ ಏನಾಯಿತೆಂಬ ಪ್ರಶ್ನೆಗೆ ಚಿತ್ರವು ಕೊಡುವ ಉತ್ತರಗಳಲ್ಲಿ ಇದೂ ಒಂದೆಂದು ಭಾವಿಸಬಹುದು.

ಎರಡನೆಯದು ೧೯೯೧ರ ‘ಸಮ್‌ಥಿಂಗ್ ಲೈಕ್ ಎ ವಾರ್’. ಸರ್ಕಾರದ ಕುಟುಂಬ ಯೋಜನೆಯೇ ಇದರ ವಿಷಯ. ೧೯೫೨ರಲ್ಲಿ ಈ ಯೋಜನೆಯನ್ನು ರಾಷ್ಟ್ರೀಯ ಮಟ್ಟದಲ್ಲಿ ಕೈಗೊಂಡ ಭಾರತವು ಈ ವಿಷಯದಲ್ಲಿ ಲೋಕಕ್ಕೆ ಮೊದಲಿಗ ದೇಶವಾಗಿದ್ದಿತು. ತುರ್ತು ಪರಿಸ್ಥಿತಿಯ ೧೯೭೬-೭೭ನೆಯ ಒಂದೇ ಸಾಲಿನಲ್ಲಿ ೮೦ ಲಕ್ಷಕ್ಕೂ ಮೀರಿ ಸಂತಾನಶಕ್ತಿಹರಣ ಶಸ್ತ್ರಚಿಕಿತ್ಸೆಗಳು ನಡೆದವು. ಅವುಗಳಲ್ಲಿ ಬಹುಪಾಲು ಗಂಡಸರಿಗೆ ಆದವು. ಆ ಬಲಾತ್ಕಾರವು ೧೯೭೭ರ ಚುನಾವಣೆಯಲ್ಲಿ ಸರ್ಕಾರವನ್ನೇ ಉರುಳಿಸಿದ ಕಾರಣಗಳಲ್ಲೊಂದಾಯಿತು. ಅಲ್ಲಿಂದ ಮುಂದೆ ಯಾವ ಪಕ್ಷವೂ ಗಂಡಸರ ತಂಟೆಗೆ ಹೋಗಲಿಲ್ಲ. ಗುರಿಯ ಸಂಖ್ಯೆಗಳು ಹೆಂಗಸರ ಮೇಲೆ ಬಿದ್ದವು. ಶಿಬಿರದಲ್ಲಿ ಸಾಲಾಗಿ ಮಲಗಿಸಿದ ಹೆಂಗಸರಿಗೆ ಕಾರ್ಖಾನೆಯ ವೇಗದಲ್ಲಿ ಶಸ್ತ್ರಚಿಕಿತ್ಸೆ ನಡೆಯುವುದನ್ನೂ, ವೈದ್ಯರು ತಮ್ಮ ಶೀಘ್ರತೆಯನ್ನು ಹೆಮ್ಮೆಯಿಂದ ಹೇಳಿಕೊಳ್ಳುವುದನ್ನೂ ಚಿತ್ರವು ಯಾವ ಅಬ್ಬರವೂ ಇಲ್ಲದೆ ತೋರಿಸುತ್ತದೆ. ಇದಕ್ಕೆ ಎದುರಾಗಿ ಹಳ್ಳಿಯ ಹೆಂಗಸರು ವೃತ್ತಾಕಾರವಾಗಿ ಕುಳಿತು ತಮ್ಮ ದೇಹ, ಮುಟ್ಟು, ಬಸಿರು, ದಾಂಪತ್ಯಗಳನ್ನು ಕುರಿತು ನಗುನಗುತ್ತ ಮಾತಾಡಿಕೊಳ್ಳುವ ದೃಶ್ಯಗಳು ಬರುತ್ತವೆ. ಒಂದು ಕಡೆ ಸಂಖ್ಯೆ, ಇನ್ನೊಂದು ಕಡೆ ಸಂವಾದ. ಚಿತ್ರದ ಸಂವಿಧಾನವೇ ಇದು.

ಈ ಚಿತ್ರ ಒಂಟಿಯಾಗಿ ಹುಟ್ಟಿದ್ದಲ್ಲ. ‘ನೆಟ್-ಎನ್’ ಎಂಬ ಸೂಜಿಮದ್ದಿನ ಪ್ರಯೋಗವನ್ನು ಪ್ರಶ್ನಿಸಿ ಹೈದರಾಬಾದಿನ ಸ್ತ್ರೀಶಕ್ತಿ ಸಂಘಟನೆಯೂ ಬೇರೆ ಸ್ತ್ರೀಸಂಘಟನೆಗಳೂ ೧೯೮೬ರಲ್ಲಿಯೇ ಸುಪ್ರೀಂ ಕೋರ್ಟಿನ ಮೆಟ್ಟಿಲೇರಿದ್ದವು. ೧೯೯೧ರಲ್ಲಿ ಚಿತ್ರವು ನುಡಿದ ಸಾಕ್ಷ್ಯ ಹಳೆಯದಾಗಲು ಬಹುಕಾಲ ಬೇಕಾಯಿತು. ೨೦೧೪ರ ನವೆಂಬರಿನಲ್ಲಿ ಛತ್ತೀಸಗಢದ ಬಿಲಾಸಪುರದ ಬಳಿಯ ಶಿಬಿರವೊಂದರಲ್ಲಿ ಕೆಲವೇ ತಾಸುಗಳಲ್ಲಿ ೮೩ ಹೆಂಗಸರಿಗೆ ಶಸ್ತ್ರಚಿಕಿತ್ಸೆ ನಡೆದು, ಅವರಲ್ಲಿ ಹತ್ತಕ್ಕೂ ಹೆಚ್ಚು ಮಂದಿ ಸತ್ತರು. ದೇವಿಕಾ ಬಿಸ್ವಾಸ್ ಅವರ ಅರ್ಜಿಯ ಮೇಲೆ ೨೦೧೬ರ ಸೆಪ್ಟೆಂಬರಿನಲ್ಲಿ ಸುಪ್ರೀಂ ಕೋರ್ಟು ಇಂಥ ಶಿಬಿರಗಳನ್ನು ಮೂರು ವರ್ಷಗಳೊಳಗಾಗಿ ನಿಲ್ಲಿಸಬೇಕೆಂದು ಆಜ್ಞಾಪಿಸಿತು. ಸಾಕ್ಷ್ಯಕ್ಕೂ ತೀರ್ಪಿಗೂ ನಡುವೆ ಇಪ್ಪತ್ತೈದು ವರ್ಷಗಳು ಕಳೆದಿದ್ದವು.

೬

ಅನಂತರದ ಕೃತಿಗಳಲ್ಲಿ ನ್ಯಾಯವೇ ಮುಖ್ಯ ವಿಷಯವಾಗುತ್ತ ಬಂದಿತು. ಕರ್ನಾಟಕ, ಗುಜರಾತ, ಉತ್ತರಪ್ರದೇಶಗಳಲ್ಲಿ ೧೯೮೯ರಲ್ಲಿ ಮೊದಲುಗೊಂಡ ಮಹಿಳಾ ಸಮಾಖ್ಯಾ ಕಾರ್ಯಕ್ರಮವು ಹಳ್ಳಿಯ ಹೆಂಗಸರ ಸಂಘಗಳನ್ನು ಕಟ್ಟಿತಷ್ಟೆ. ಆ ಸಂಘಗಳಿಂದ ಹುಟ್ಟಿದ ಹೆಂಗಸರ ನ್ಯಾಯಪಂಚಾಯಿತಿಗಳನ್ನು ‘ನಾರಿ ಅದಾಲತ್’ (೨೦೦೦) ಚಿತ್ರವು ಪರಿಚಯಿಸುತ್ತದೆ. ‘ದಿ ಅಡ್ವೊಕೇಟ್’ (೨೦೦೭) ಪೌರಹಕ್ಕುಗಳ ವಕೀಲರಾದ ಕೆ. ಜಿ. ಕಣ್ಣಬಿರಾನ್ ಅವರ ಜೀವನವನ್ನು ಕುರಿತದ್ದು.

‘ಇನ್ವೋಕಿಂಗ್ ಜಸ್ಟಿಸ್’ (೨೦೧೧) ತಮಿಳುನಾಡಿನ ಮುಸ್ಲಿಂ ಹೆಂಗಸರ ಜಮಾತನ್ನು ಚಿತ್ರಿಸುತ್ತದೆ. ಮಸೀದಿಗೆ ಸೇರಿದ ಜಮಾತುಗಳಲ್ಲಿ ತಲಾಖು, ವರದಕ್ಷಿಣೆ, ಜೀವನಾಂಶಗಳ ವ್ಯಾಜ್ಯಗಳನ್ನು ಗಂಡಸರೇ ಕುಳಿತು ತೀರ್ಮಾನಿಸುತ್ತಿದ್ದರು. ಯಾರ ಬಾಳು ಅಲ್ಲಿ ತೀರ್ಮಾನವಾಗುತ್ತಿದ್ದಿತೋ ಆ ಹೆಂಗಸಿಗೆ ಅಲ್ಲಿ ಎಡೆಯಿರಲಿಲ್ಲ. ಪುದುಕೋಟೆಯ ದಾವೂದ್ ಶರೀಫಾ ಖಾನಂ ಅವರು ೨೦೦೪ರಲ್ಲಿ ಹೆಂಗಸರದೇ ಒಂದು ಜಮಾತನ್ನು ಕಟ್ಟಿದರು. ಧರ್ಮವನ್ನು ಬಿಡದೆ, ಅದರ ಮಾತಿನಿಂದಲೇ ನ್ಯಾಯವನ್ನು ಕೇಳುವ ಈ ಸಭೆಗಳು ಚಿತ್ರದ ಉದ್ದಕ್ಕೂ ನಡೆಯುತ್ತವೆ. ಅಳುವ ಹೆಂಗಸನ್ನು ಕನಿಕರಕ್ಕಾಗಿ ತೋರಿಸುವ ಚಿತ್ರಗಳು ಹಲವಾರಿವೆ. ಇಲ್ಲಿ ಅತ್ತವಳು ಕಣ್ಣೊರಸಿಕೊಂಡು ಕಾಗದಪತ್ರಗಳನ್ನು ಮುಂದಿಡುತ್ತಾಳೆ, ಉಳಿದವರು ಅವಳನ್ನೂ ಬಿಡದೆ ಪ್ರಶ್ನಿಸುತ್ತಾರೆ.

೨೦೧೮ರ ‘ವಿ ಹ್ಯಾವ್ ನಾಟ್ ಕಮ್ ಹಿಯರ್ ಟು ಡೈ’ ಚಿತ್ರವು ಹೈದರಾಬಾದ್ ವಿಶ್ವವಿದ್ಯಾನಿಲಯದ ಸಂಶೋಧನ ವಿದ್ಯಾರ್ಥಿ ರೋಹಿತ್ ವೇಮುಲ ೨೦೧೬ರ ಜನವರಿ ೧೭ರಂದು ಪ್ರಾಣ ಕಳೆದುಕೊಂಡ ಬಳಿಕ ದೇಶದ ವಿಶ್ವವಿದ್ಯಾನಿಲಯಗಳಲ್ಲಿ ಎದ್ದ ಜಾತಿವಿರೋಧಿ ಚಳವಳಿಯನ್ನು ಕುರಿತದ್ದು. ಪುಣೆಯ ಮೋಲಕರೀಣಿಯರಿಂದ ಹೈದರಾಬಾದಿನ ದಲಿತ ವಿದ್ಯಾರ್ಥಿಗಳವರೆಗೆ ವಸ್ತು ಬದಲಾಗಿದೆ, ಭಾಷೆ ಬದಲಾಗಿದೆ, ಫಿಲ್ಮು ಹೋಗಿ ಡಿಜಿಟಲ್ ಬಂದಿದೆ. ಬದಲಾಗದಿರುವುದು ಒಂದೇ: ಕಷ್ಟವನ್ನಷ್ಟೇ ತೋರಿಸಿ ನಿಲ್ಲಿಸದೆ, ಕಷ್ಟಪಟ್ಟವರು ಅದನ್ನು ಕುರಿತು ಕೂಡಿ ಆಲೋಚಿಸುವುದನ್ನು ತೋರಿಸುವುದು. ಮೊದಲಿಗೆ ಎತ್ತಿದ ಪ್ರಶ್ನೆಗೆ ಇಲ್ಲಿ ಉತ್ತರ ದೊರೆಯುತ್ತದೆ. ಈ ಚಿತ್ರಗಳಲ್ಲಿ ಸಾಕ್ಷಿ ಕ್ಯಾಮೆರವಲ್ಲ, ಒಬ್ಬ ವ್ಯಕ್ತಿಯೂ ಅಲ್ಲ. ಕೂಡಿ ಕುಳಿತ ಸಭೆಯೇ ಸಾಕ್ಷಿ.

೭

ಈ ರೀತಿಗೆ ಆಕ್ಷೇಪಗಳಿಲ್ಲದೆ ಇಲ್ಲ. ಇಂಥ ಚಿತ್ರಗಳಲ್ಲಿ ಯಜಮಾನರ ಪಕ್ಷಕ್ಕೆ ಸಮಾನವಾದ ಅವಕಾಶವಿಲ್ಲವೆಂಬುದು ಒಂದು. ನ್ಯಾಯಾಧೀಶನಿಗೆ ಎರಡೂ ಪಕ್ಷಗಳನ್ನು ಕೇಳುವುದು ಧರ್ಮ. ಸಾಕ್ಷಿಗೆ ತಾನು ಕಂಡುದನ್ನು ಹೇಳುವುದು ಧರ್ಮ. ಯಜಮಾನರ ಪಕ್ಷವು ಪತ್ರಿಕೆಯಲ್ಲಿ, ಕಾನೂನಿನಲ್ಲಿ, ದಿನದಿನದ ಮಾತುಕತೆಯಲ್ಲಿ ಎಡೆಬಿಡದೆ ಕೇಳಿಬರುತ್ತಿರುವಾಗ, ಇಪ್ಪತ್ತೈದು ನಿಮಿಷದ ಚಿತ್ರವೊಂದು ಇನ್ನೊಂದು ಪಕ್ಷಕ್ಕೆ ಮೀಸಲಾದರೆ ತಕ್ಕಡಿ ಓರೆಯಾಗುವುದಿಲ್ಲ. ಪರದೇಶದ ಹಣ ಮತ್ತು ಪರದೇಶದ ಪ್ರೇಕ್ಷಕರೆಂಬುದು ಇನ್ನೊಂದು ಆಕ್ಷೇಪ. ೧೯೯೧ರ ಚಿತ್ರಕ್ಕೆ ಬ್ರಿಟನ್ನಿನ ಚಾನೆಲ್ ಫೋರ್ ಎಂಬ ದೂರದರ್ಶನ ಸಂಸ್ಥೆಯ ಆಶ್ರಯವಿದ್ದುದು ನಿಜ. ಸರ್ಕಾರದ ಯೋಜನೆಯನ್ನು ಪ್ರಶ್ನಿಸುವ ಚಿತ್ರಕ್ಕೆ ಸರ್ಕಾರಿ ದೂರದರ್ಶನದಲ್ಲಿ ಎಡೆ ದೊರೆಯುವುದು ದುರ್ಲಭವಾಗಿದ್ದ ಕಾಲವದು. ಈ ಆಕ್ಷೇಪದಲ್ಲಿ ಸತ್ಯಾಂಶವಿಲ್ಲದಿಲ್ಲ. ಆದರೆ ಅದು ಚಿತ್ರ ತೆಗೆದವರಿಗಿಂತ ಹೆಚ್ಚಾಗಿ ಅಂಥ ಕೆಲಸಕ್ಕೆ ನೆಲೆಯನ್ನು ಒದಗಿಸದ ನಮ್ಮ ಸಂಸ್ಥೆಗಳಿಗೆ ತಾಗುತ್ತದೆ.

ಚಿತ್ರಗಳ ರಕ್ಷಣೆಯ ವಿಷಯದಲ್ಲಿಯೂ ಹೀಗೆಯೇ ಆಯಿತು. ಫಿಲ್ಮು ಕಾಲಕ್ರಮದಲ್ಲಿ ಕೆಡುವ ವಸ್ತು. ಯುಗಾಂತರದ ಚಿತ್ರಗಳೂ ಹೈದರಾಬಾದಿನ ಗಲಭೆಯ ಚಿತ್ರವೂ ಹೊಸ ಜೀವ ಪಡೆದದ್ದು ಬರ್ಲಿನ್ನಿನ ಆರ್ಸೆನಾಲ್ ಎಂಬ ಚಲಚ್ಚಿತ್ರ ಸಂಸ್ಥೆಯ ನೆರವಿನಿಂದ. ೨೦೧೦ರ ದಶಕದಲ್ಲಿ ಅವು ಡಿಜಿಟಲ್ ರೂಪಕ್ಕೆ ಬಂದು, ಹೊಸ ತಲೆಮಾರಿನವರ ಕಣ್ಣಿಗೆ ಬಿದ್ದವು. ಸಾಕ್ಷ್ಯವನ್ನು ನುಡಿದವರು ಪುಣೆ, ನಿಪ್ಪಾಣಿ, ಹೈದರಾಬಾದುಗಳವರು. ಅದನ್ನು ಜೋಪಾನ ಮಾಡಿದ್ದು ಬರ್ಲಿನ್.

೮

ಪುಣೆಯ ಮುಷ್ಕರಕ್ಕೆ ಈಗ ನಾಲ್ಕು ದಶಕಗಳು ಮೀರಿವೆ. ಈ ಮಧ್ಯೆ ಕಾನೂನು ಸ್ವಲ್ಪ ಮುಂದುವರಿದಿದೆ. ೨೦೦೪ರಲ್ಲಿ ಕರ್ನಾಟಕ ಸರ್ಕಾರವು ಮನೆಗೆಲಸಕ್ಕೆ ಕನಿಷ್ಠ ಕೂಲಿಯನ್ನು ಗೊತ್ತುಪಡಿಸಿತು. ಮಹಾರಾಷ್ಟ್ರದ ಶಾಸನಸಭೆಯು ೨೦೦೮ರಲ್ಲಿ ಮನೆಗೆಲಸಗಾರರ ಕಲ್ಯಾಣ ಮಂಡಳಿಯ ಕಾಯಿದೆಯನ್ನು ಮಾಡಿತು. ಆದರೆ ಅದು ಸಹಾಯಧನದ ಏರ್ಪಾಡೇ ಹೊರತು ಕೂಲಿಯನ್ನು ಗೊತ್ತುಮಾಡುವ ಕಾಯಿದೆಯಲ್ಲ. ೨೦೧೧ರಲ್ಲಿ ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆಯು ೧೮೯ನೆಯ ಒಡಂಬಡಿಕೆಯ ಮೂಲಕ ಮನೆಗೆಲಸವೂ ಕೆಲಸವೆಂದೇ ಘೋಷಿಸಿತು. ಮೋಲಕರೀಣಿಯರು ಮೂವತ್ತು ವರ್ಷ ಮೊದಲೇ ತಮ್ಮ ಸಭೆಯಲ್ಲಿ ಹೇಳಿದ್ದ ಮಾತಿದು.

ನಗರವೂ ಬದಲಾಗಿದೆ. ೧೯೮೦ರಲ್ಲಿ ಹಡಪಸರವೆಂದರೆ ಸೊಲ್ಲಾಪುರ ರಸ್ತೆಯ ಅಂಚಿನ ಕೆಲವು ಕಾರ್ಖಾನೆಗಳು, ಅವುಗಳ ಸುತ್ತ ಹೊಲ ತೋಟಗಳು. ಆ ಹೊಲಗಳಲ್ಲಿ ಸುಮಾರು ನಾನೂರು ಎಕರೆಯನ್ನು ಅಲ್ಲಿಯ ರೈತಮನೆತನಗಳೇ ಒಟ್ಟುಗೂಡಿಸಿ ಮಗರಪಟ್ಟಾ ಎಂಬ ಹೊಸ ನಗರವನ್ನು ಕಟ್ಟಿದವು. ಅದರ ಬೆನ್ನಿಗೆ ಬೇರೆ ವಸತಿ ಸಮುಚ್ಚಯಗಳು ಎದ್ದವು. ಗಣಕಯಂತ್ರದ ಉದ್ಯೋಗವನ್ನರಸಿ ಬಂದ ಕನ್ನಡಿಗರ ಸಂಸಾರಗಳು ಅಲ್ಲಿಯ ಮೇಲಂತಸ್ತುಗಳಲ್ಲಿ ನೆಲಸಿವೆ. ಅದೇ ಸೊಲ್ಲಾಪುರ ರಸ್ತೆಯಿಂದಲೇ ಕಲಬುರ್ಗಿ, ಯಾದಗಿರಿ, ವಿಜಯಪುರದ ಬರದ ಹಳ್ಳಿಗಳನ್ನು ಬಿಟ್ಟು ಬಂದ ಕನ್ನಡಿಗರೂ ಇದ್ದಾರೆ. ಗಂಡಸರು ಗಾರೆ ಕೆಲಸಕ್ಕೆ, ಹೆಂಗಸರು ಅದೇ ಕಟ್ಟಡಗಳ ಮನೆಗೆಲಸಕ್ಕೆ. ಮುಷ್ಕರದ ಕಾಲದಲ್ಲಿ ಒಡತಿಯೂ ಮರಾಠಿಯವಳು, ಆಳೂ ಮರಾಠಿಯವಳು ಎಂದು ಪುಣೆಯ ಕನ್ನಡಿಗನು ದೂರ ನಿಂತು ನೋಡಬಹುದಾಗಿದ್ದಿತು. ಇಂದು ಎಷ್ಟೋ ಮನೆಗಳಲ್ಲಿ ಬಾಗಿಲಿನ ಎರಡೂ ಕಡೆ ಕನ್ನಡವೇ ಇದೆ.

ಹೊರನಾಡಿನ ಕನ್ನಡ ಸಂಘಗಳು ರಾಜ್ಯೋತ್ಸವವನ್ನು ಆಚರಿಸುತ್ತವೆ, ಕವಿಗಳನ್ನು ಸನ್ಮಾನಿಸುತ್ತವೆ, ಹಳೆಯ ಶಾಸನಗಳನ್ನು ಹುಡುಕಿ ಅಚ್ಚು ಹಾಕಿಸುತ್ತವೆ. ಇವು ಆಗತಕ್ಕ ಕೆಲಸಗಳೇ. ಆದರೆ ಕಲ್ಲಿನ ಮೇಲೆ ಬರೆದದ್ದು ಮಾತ್ರ ದಾಖಲೆಯಲ್ಲ. ಹಡಪಸರದ ಕನ್ನಡ ಮನೆಗೆಲಸದವಳು ಯಾವ ಊರನ್ನು ಯಾವ ವರ್ಷ ಬಿಟ್ಟಳು, ಎಷ್ಟು ಮನೆಗಳಲ್ಲಿ ದುಡಿಯುತ್ತಾಳೆ, ಬೇನೆ ಬಿದ್ದ ದಿನ ಅವಳ ಕೂಲಿ ಏನಾಗುತ್ತದೆ, ಅವಳ ಮಕ್ಕಳು ಯಾವ ಭಾಷೆಯ ಶಾಲೆಗೆ ಹೋಗುತ್ತಾರೆ—ಇವೆಲ್ಲ ಹೊರನಾಡ ಕನ್ನಡದ ಇತಿಹಾಸಕ್ಕೆ ಸೇರಿದ ಸಂಗತಿಗಳೇ. ಯುಗಾಂತರದ ನಾಲ್ಕು ಚಿತ್ರಗಳಲ್ಲಿ ಮರಾಠಿ, ತೆಲುಗು, ಹಿಂದಿಗಳಿವೆ, ಕನ್ನಡವಿಲ್ಲ. ಆ ಐದನೆಯ ಚಿತ್ರಕ್ಕೆ ಬೇಕಾದ ಸಾಮಗ್ರಿ ಇಲ್ಲಿಯೇ ಇದೆ. ಕ್ಯಾಮೆರ ಈಗ ಪ್ರತಿಯೊಬ್ಬರ ಕೈಯಲ್ಲಿಯೂ ಇದೆ. ಹನ್ನೊಂದು ನಿಮಿಷದ ಸುರುಳಿಯ ಕಟ್ಟೂ ಇಲ್ಲ. ಸಂಘದ ಸಭಾಭವನದಲ್ಲಿ ‘ಮೋಲಕರೀಣ’ವನ್ನು ಒಮ್ಮೆ ತೋರಿಸಿ, ಅಂದು ಮುಂದಿನ ಸಾಲಿನ ಆಸನಗಳನ್ನು ಆ ಹೆಂಗಸರಿಗೆ ಬಿಟ್ಟುಕೊಟ್ಟು, ಚಿತ್ರ ಮುಗಿದ ಮೇಲೆ ಮೊದಲ ಮಾತನ್ನು ಅವರಿಗೇ ಬಿಡುವುದು ಅಷ್ಟೇನೂ ದುಸ್ಸಾಧ್ಯವಲ್ಲ. ಅವರು ಏನು ಹೇಳಿಯಾರೆಂಬುದು ಕೇಳುವವರಲ್ಲಿ ಕೆಲವರಿಗೆ ಇರುಸುಮುರುಸಾಗಬಹುದು; ಸಾಕ್ಷ್ಯವೆಂದ ಮೇಲೆ ಅದಕ್ಕೂ ಸಿದ್ಧರಾಗಿರಬೇಕು.